ಮೂವತ್ತು ತಿಥಿಯ ಕುರ್ಚಿ: ಕಲಿಕೆಯ ಮೇಲೊಂದು ಕಿರುಚಿತ್ರ ತಯಾರಾದ ಬಗೆ

ಮನುಷ್ಯರು ಹೇಗೆ ಕಲಿಯುತ್ತಾರೆ ಅನ್ನುವುದರ ಮೇಲೆ ಹನ್ನೆರಡು ನಿಮಿಷದ ಸಾಕ್ಷ್ಯಚಿತ್ರ ಒಂದನ್ನು ನಮ್ಮ ಶಾಲೆಯಲ್ಲಿ ಮುಗಿಸಿದ್ದೇವೆ. ಇಷ್ಟು ದೊಡ್ಡ ವಿಷಯವನ್ನು ಇಡಿಯಾಗಿ ಹಿಡಿಯಲು ಹೋದರೆ ಕೈಗೆ ಏನೂ ಸಿಗುವುದಿಲ್ಲ. ಹಾಗಾಗಿ ಒಂದೇ ಒಂದು ಪ್ರಶ್ನೆ ಇಟ್ಟುಕೊಂಡೆವು: ಚಂದ್ರ ಯಾಕೆ ಬೆಳೆಯುತ್ತಾನೆ, ಯಾಕೆ ಕರಗುತ್ತಾನೆ? ಈ ಪ್ರಶ್ನೆಗೆ ಒಬ್ಬ ಹುಡುಗಿ ಮೊದಲು ಏನು ಹೇಳಿದಳು, ಆಮೇಲೆ ಏನು ಹೇಳಿದಳು, ನಡುವೆ ಅವಳ ತಲೆಯಲ್ಲಿ ಏನಾಯಿತು. ಚಿತ್ರ ಅಂದರೆ ಇಷ್ಟೇ. ಬೇರೆ ಮೇಷ್ಟ್ರುಗಳಿಗೂ ಉಪಯೋಗ ಆಗಲಿ ಅಂತ ಸಾಮಾನು, ಅಳತೆ, ಎಡಿಟಿಂಗ್ ಎಲ್ಲವನ್ನೂ ಇಲ್ಲಿ ಬರೆದಿಡುತ್ತಿದ್ದೇನೆ.

ಚಂದ್ರನನ್ನೇ ಆರಿಸಿದ್ದಕ್ಕೆ ಕಾರಣ ಇದೆ. ನಮ್ಮವರಿಗೆ ಅಮಾವಾಸ್ಯೆ, ಹುಣ್ಣಿಮೆ, ಚೌತಿ, ಏಕಾದಶಿ ಎಲ್ಲ ಬಾಯಲ್ಲೇ ಇವೆ. ಗೋಡೆ ಮೇಲೆ ಕ್ಯಾಲೆಂಡರ್ ಇಲ್ಲದ ಮನೆ ಇಲ್ಲ. ಆದರೂ ಸಂತೆಯಲ್ಲಿ ಕ್ಯಾಮೆರಾ ಹಿಡಿದು 'ಚಂದ್ರ ಸಣ್ಣ ಆಗೋದು ಯಾಕೆ?' ಅಂತ ಕೇಳಿದರೆ ಒಂದೇ ಉತ್ತರ ಮತ್ತೆ ಮತ್ತೆ ಬಂತು: 'ಭೂಮಿ ನೆರಳು ಬೀಳುತ್ತಲ್ಲ, ಅದಕ್ಕೆ.' ತರಕಾರಿ ಮಾರುವವರೂ ಇದನ್ನೇ ಹೇಳಿದರು, ಡಿಗ್ರಿ ಮುಗಿಸಿದವರೂ ಇದನ್ನೇ ಹೇಳಿದರು. ಭೂಮಿಯ ನೆರಳು ಬಿದ್ದರೆ ಆಗುವುದು ಚಂದ್ರಗ್ರಹಣ. ದಿನಾ ಆಗುವ ಬದಲಾವಣೆಗೂ ಅದಕ್ಕೂ ಸಂಬಂಧ ಇಲ್ಲ.

ಇದು ಓದು ಕಮ್ಮಿ ಇರುವವರ ಸಮಸ್ಯೆ ಅಲ್ಲವೇ ಅಲ್ಲ. 1987ರಲ್ಲಿ ಅಮೆರಿಕದ ಹಾರ್ವರ್ಡ್ ವಿಶ್ವವಿದ್ಯಾಲಯದಲ್ಲಿ ಪದವಿ ಪ್ರದಾನದ ದಿನ ಹೀಗೇ ಕ್ಯಾಮೆರಾ ಹಿಡಿದು, ಬೇಸಿಗೆ ಮತ್ತು ಚಳಿಗಾಲ ಯಾಕೆ ಬರುತ್ತವೆ, ಇಲ್ಲವೇ ಚಂದ್ರನ ಆಕಾರ ಯಾಕೆ ಬದಲಾಗುತ್ತದೆ ಅಂತ ಕೇಳಿದ್ದರು. ಉತ್ತರ ಕೊಟ್ಟ 23 ಜನರಲ್ಲಿ 21 ಜನ ಎಡವಿದ್ದರು. ಸ್ಟೆಲ್ಲಾ ವೊಸ್ನಿಯಾಡೊ ಮತ್ತು ವಿಲಿಯಂ ಬ್ರೂವರ್ 1992ರಲ್ಲಿ ಪುಟ್ಟ ಮಕ್ಕಳ ಮೇಲಿನ ತಮ್ಮ ಅಧ್ಯಯನವನ್ನು ಪ್ರಕಟಿಸಿದರು. 'ಭೂಮಿ ಗುಂಡಗಿದೆ' ಅಂತ ದೊಡ್ಡವರು ಹೇಳಿದ್ದನ್ನು ಮಕ್ಕಳು ಒಪ್ಪಿಕೊಳ್ಳುತ್ತಾರೆ. ಆದರೆ ತಾವು ಕಣ್ಣಾರೆ ಕಂಡ ಚಪ್ಪಟೆ ನೆಲವನ್ನೂ ಬಿಡುವುದಿಲ್ಲ. ಎರಡನ್ನೂ ಸೇರಿಸಿ, ಟೊಳ್ಳು ಗೋಳದ ಒಳಗೆ ಚಪ್ಪಟೆ ನೆಲದ ಮೇಲೆ ನಾವಿದ್ದೇವೆ ಅಂತ ಹೊಸದೊಂದು ಭೂಮಿಯನ್ನೇ ಕಟ್ಟಿಕೊಳ್ಳುತ್ತಾರೆ. ಮಗುವಿನ ತಲೆ ಖಾಲಿ ಇರುವುದಿಲ್ಲ. ಅಲ್ಲಿ ಆಗಲೇ ಒಂದು ವಿವರಣೆ ಕೂತಿರುತ್ತದೆ, ನಾವು ಹೇಳಿದ್ದು ಅದರ ಜೊತೆ ಸೇರಿಕೊಳ್ಳುತ್ತದೆ. ನನ್ನ ಚಿತ್ರ ತೋರಿಸಬೇಕಾಗಿದ್ದು ಇದನ್ನೇ.

ಚಿತ್ರದ ಆಕಾರ ಹೇಗಿರಬೇಕು ಅನ್ನುವುದಕ್ಕೆ ದಾರಿ ತೋರಿಸಿದ್ದು ಡೆರೆಕ್ ಮುಲ್ಲರ್ ಅವರ ಕೆಲಸ. ಸಿಡ್ನಿ ವಿಶ್ವವಿದ್ಯಾಲಯಕ್ಕೆ 2008ರಲ್ಲಿ ಅವರು ಭೌತಶಾಸ್ತ್ರದ ವಿಡಿಯೊಗಳ ಮೇಲೆ ಪಿಎಚ್‌ಡಿ ಪ್ರಬಂಧ ಕೊಟ್ಟರು. ಸರಿಯಾದ ವಿವರಣೆಯನ್ನು ಮಾತ್ರ ಅಚ್ಚುಕಟ್ಟಾಗಿ ಹೇಳಿದ ವಿಡಿಯೊ ನೋಡಿದವರು 'ತುಂಬಾ ಚೆನ್ನಾಗಿ ಅರ್ಥ ಆಯ್ತು' ಅಂದರು, ಆದರೆ ಪರೀಕ್ಷೆಯಲ್ಲಿ ಅಂಕ ಅಷ್ಟೇನೂ ಏರಲಿಲ್ಲ. ತಪ್ಪು ಕಲ್ಪನೆಯನ್ನು ಮೊದಲು ಹೇಳಿಸಿ, ಅದರ ಜೊತೆ ವಾದ ಮಾಡಿದ ವಿಡಿಯೊ ಗೊಂದಲ ಅನ್ನಿಸಿತು, ಆದರೆ ಅಂಕ ಏರಿತು. ಹಾಗಾಗಿ ಮೊದಲೇ ತೀರ್ಮಾನ ಮಾಡಿದೆವು: ಹುಡುಗಿಯ ತಪ್ಪು ಉತ್ತರಕ್ಕೆ ಚಿತ್ರದಲ್ಲಿ ಪೂರಾ ಜಾಗ ಕೊಡಬೇಕು. ಅದನ್ನು ಯಾರೂ ಹಂಗಿಸಬಾರದು, ಯಾರೂ ಅವಸರದಿಂದ ತಿದ್ದಬಾರದು.

ಕುರ್ಚಿ ಕಟ್ಟಿದ್ದು

ಕ್ಲಾಸಿನಲ್ಲಿ ಚಂದ್ರನ ಬಗ್ಗೆ ಪಾಠ ಮಾಡುವಾಗ ಬಲ್ಬು ಹಚ್ಚಿ, ಚೆಂಡು ಹಿಡಿದು ಸುತ್ತ ತಿರುಗಿಸುತ್ತೇವೆ. ಕ್ಯಾಮೆರಾಕ್ಕೆ ಇದು ಒಗ್ಗುವುದಿಲ್ಲ. ಚೆಂಡಿನ ಮೇಲಿನ ಬೆಳಕು ಯಾವ ಆಕಾರದಲ್ಲಿ ಕಾಣುತ್ತದೆ ಅನ್ನುವುದು ನೋಡುವವರು ಎಲ್ಲಿ ನಿಂತಿದ್ದಾರೆ ಅನ್ನುವುದರ ಮೇಲೆ ಹೋಗುತ್ತದೆ. ನಡುವೆ ನಿಂತ ಮಗುವಿಗೆ ಅರ್ಧ ಚಂದ್ರ ಕಂಡಾಗ, ಮೂಲೆಯಲ್ಲಿರುವ ಕ್ಯಾಮೆರಾಕ್ಕೆ ಪೂರ್ಣ ಚಂದ್ರ ಕಾಣಬಹುದು. ನೋಡುಗರಿಗೆ ಮಗು ಕಂಡದ್ದೇ ಕಾಣಬೇಕು ಅಂದರೆ ಕ್ಯಾಮೆರಾ ಮಗುವಿನ ತಲೆಯ ಜಾಗದಲ್ಲಿ ಇರಬೇಕು, ಚೆಂಡಿನ ಜೊತೆಗೇ ತಿರುಗಬೇಕು.

ಗುಜರಿಗೆ ಹಾಕಿದ್ದ ಆಫೀಸ್ ಕುರ್ಚಿಯ ತಿರುಗುವ ಬುಡ ಸಿಕ್ಕಿತು. ಲ್ಯಾಬಿನ ಸ್ಕ್ರೂ ಸ್ಟೂಲು ಇದಕ್ಕೆ ಬೇಡ, ತಿರುಗಿಸಿದ ಹಾಗೆಲ್ಲ ಅದು ಮೇಲೇಳುತ್ತದೆ. ಬುಡದ ಮೇಲೆ ಒಂದು ಉದ್ದ ಹಲಗೆ ಬಿಗಿದೆವು. ಹಲಗೆಯ ನಡುವೆ, ಸರಿಯಾಗಿ ತಿರುಗುವ ಕೇಂದ್ರದ ಮೇಲೆ, ಮೊಬೈಲನ್ನು ಅಡ್ಡಲಾಗಿ ನಿಲ್ಲಿಸಿದೆವು. ಒಂದು ತುದಿಯಲ್ಲಿ, ಲೆನ್ಸಿನಿಂದ 90 ಸೆಂ.ಮೀ. ದೂರದಲ್ಲಿ, ತೆಳು ಕಡ್ಡಿಯ ಮೇಲೆ ಟೇಬಲ್ ಟೆನಿಸ್ ಚೆಂಡು. ಇನ್ನೊಂದು ತುದಿಯಲ್ಲಿ ತೂಕಕ್ಕೆ ಮರಳು ತುಂಬಿದ ಬಾಟಲಿ. ಮೂರು ಮೀಟರ್ ಆಚೆ, ಲೆನ್ಸಿನ ಎತ್ತರಕ್ಕೆ, 9 ವ್ಯಾಟಿನ ಎಲ್ಇಡಿ ಬಲ್ಬು. ಅದು ಸೂರ್ಯ.

ಚೆಂಡು ಲೆನ್ಸಿನ ಮಟ್ಟದಲ್ಲೇ ಇದ್ದರೆ ಹುಣ್ಣಿಮೆಯ ಜಾಗಕ್ಕೆ ಬಂದಾಗ ಮೊಬೈಲಿನ ನೆರಳು ಅದರ ಮೇಲೆ ಬೀಳುತ್ತದೆ, ಅಂದರೆ ಗ್ರಹಣ. ಚೆಂಡನ್ನು 8 ಸೆಂ.ಮೀ. ಮೇಲೆತ್ತಿದರೆ ನೆರಳು ಕೆಳಗೇ ಹಾದು ಹೋಗುತ್ತದೆ. 90ಕ್ಕೆ 8 ಅಂದರೆ ಸುಮಾರು 5 ಡಿಗ್ರಿ ಓರೆ. ಚಂದ್ರನ ನಿಜವಾದ ಕಕ್ಷೆಯೂ ಭೂಮಿಯ ಕಕ್ಷೆಗೆ ಸುಮಾರು 5 ಡಿಗ್ರಿಯಷ್ಟೇ ಓರೆ! ಲೆಕ್ಕ ಹಾಕಿದಾಗ ನನಗೆ ತುಂಬಾ ಖುಷಿಯಾಯಿತು. ಕಡ್ಡಿಗೆ ಎರಡು ತೂತು ಮಾಡಿದೆವು. ಮೇಲಿನ ತೂತಿಗೆ ಸಿಕ್ಕಿಸಿದರೆ ಮಾಮೂಲಿ ಹುಣ್ಣಿಮೆ, ಕೆಳಗಿನದಕ್ಕೆ ಸಿಕ್ಕಿಸಿದರೆ ಗ್ರಹಣ. ಪ್ರತಿ ಹುಣ್ಣಿಮೆಗೂ ಗ್ರಹಣ ಯಾಕಿಲ್ಲ ಅಂತ ಕೇಳುವ ಮಕ್ಕಳಿಗೆ ಆ ಎರಡು ತೂತು ತೋರಿಸಿದರೆ ಸಾಕು.

ಬುಡದ ಸುತ್ತ ರಟ್ಟಿನ ವೃತ್ತ ಅಂಟಿಸಿ, ಕೋನಮಾಪಕ ಇಟ್ಟು 12 ಡಿಗ್ರಿಗೆ ಒಂದರಂತೆ ಮೂವತ್ತು ಗೆರೆ ಎಳೆದೆವು. ಪಂಚಾಂಗದ ತಿಥಿ ಅಂದರೂ ಇದೇ. ಸೂರ್ಯ ಚಂದ್ರರ ನಡುವಿನ ಕೋನ 12 ಡಿಗ್ರಿ ಬೆಳೆದರೆ ಒಂದು ತಿಥಿ. ಅಮಾವಾಸ್ಯೆಯಿಂದ ಶುರು ಮಾಡಿ, ಮೇಲಿನಿಂದ ನೋಡಿದರೆ ಅಪ್ರದಕ್ಷಿಣೆಯಾಗಿ, ಒಂದೊಂದು ಗೆರೆಗೂ ಒಂದು ಸ್ಟಿಲ್ ಫೋಟೋ. ವಿಡಿಯೊದಲ್ಲಿ ಚೆಂಡು ತೀರಾ ಚಿಕ್ಕದಾಗುತ್ತದೆ. ಸ್ಟಿಲ್ ಆದರೆ ದೊಡ್ಡ ಫೋಟೋ ತೆಗೆದು ನಡುವಿನ ಭಾಗ ಮಾತ್ರ ಕತ್ತರಿಸಿಕೊಳ್ಳಬಹುದು. ಮೂವತ್ತನ್ನೂ ಜೋಡಿಸಿ ಓಡಿಸಿದರೆ ಚೆಂಡು ಪರದೆಯ ನಡುವೆ ಅಲ್ಲಾಡದೆ ನಿಂತಿರುತ್ತದೆ, ಬೆಳಕು ಮಾತ್ರ ಅದರ ಮೇಲೆ ಹರಿದು ಹೋಗುತ್ತದೆ. ಎಕ್ಸ್‌ಪೋಷರ್ ಮತ್ತು ಫೋಕಸ್ ಎರಡನ್ನೂ ಲಾಕ್ ಮಾಡಲೇಬೇಕು. ಇಲ್ಲದಿದ್ದರೆ ಬಿದಿಗೆಯ ಹೊತ್ತಿಗೆ ಮೊಬೈಲು ತಾನಾಗಿ ಬೆಳಕು ಏರಿಸಿಬಿಡುತ್ತದೆ.

ಇನ್ನೆರಡು ವಿಷಯ. ಬಿಳಿ ಗೋಡೆ ಇರುವ ಕೋಣೆಯಲ್ಲಿ ಚೆಂಡಿನ ಕತ್ತಲ ಭಾಗ ಕತ್ತಲಾಗುವುದೇ ಇಲ್ಲ, ಗೋಡೆಗೆ ಬಡಿದ ಬೆಳಕು ವಾಪಸ್ ಬರುತ್ತದೆ. ಸುತ್ತ ಕರಿ ಕಂಬಳಿ ಇಳಿಬಿಟ್ಟೆವು. ಕರಿ ಬಟ್ಟೆಗಿಂತ ಕಂಬಳಿ ಎಷ್ಟೋ ವಾಸಿ, ಸ್ವಲ್ಪವೂ ಹೊಳೆಯುವುದಿಲ್ಲ. ಜೊತೆಗೆ ಕೋಣೆಯ ಪ್ರತಿಧ್ವನಿಯನ್ನೂ ತಿಂದು ಹಾಕುತ್ತದೆ. ಎರಡನೆಯದು ಚೆಂಡು. ಟೇಬಲ್ ಟೆನಿಸ್ ಚೆಂಡಿನೊಳಗೆ ಬೆಳಕು ಇಳಿಯುತ್ತದೆ, ಹಾಗಾಗಿ ಬೆಳಕು ನೆರಳಿನ ಗಡಿ ಮಸುಕಾಗುತ್ತದೆ. ಗಾಡಿಗೆ ಹೊಡೆಯುವ ಬೂದು ಬಣ್ಣದ ಮ್ಯಾಟ್ ಪ್ರೈಮರನ್ನು ತೆಳುವಾಗಿ, ಒಂದು ಪದರ ಒಣಗಿದ ಮೇಲೆ ಇನ್ನೊಂದರಂತೆ ಹೊಡೆಯಿರಿ. ನಿಜವಾದ ಚಂದ್ರನೂ ಬಿಳಿ ಅಲ್ಲ. ಅವನ ನೆಲ ಬಿದ್ದ ಬೆಳಕಿನಲ್ಲಿ ನೂರಕ್ಕೆ ಸುಮಾರು ಹನ್ನೆರಡು ಪಾಲು ಮಾತ್ರ ಹಿಂದಿರುಗಿಸುತ್ತದೆ, ಹಳೇ ಡಾಂಬರು ರಸ್ತೆಯ ಹಾಗೆ. ಈ ಬೂದು ಚೆಂಡು ಮುಂದೆ ಬಯಲಿನಲ್ಲೂ ಕೆಲಸಕ್ಕೆ ಬಂತು.

ಬೆಳಗಿನ ಚಂದ್ರ

ಚಿತ್ರದ ಜೀವ ಇರುವುದು ಈ ದೃಶ್ಯದಲ್ಲಿ. ಕೃಷ್ಣಪಕ್ಷದ ಅಷ್ಟಮಿಯ ಹೊತ್ತಿಗೆ ಚಂದ್ರ ನಡುರಾತ್ರಿ ಹುಟ್ಟಿ ಮಧ್ಯಾಹ್ನದ ಹೊತ್ತಿಗೆ ಮುಳುಗುತ್ತಾನೆ. ಬೆಳಿಗ್ಗೆ ಒಂಬತ್ತಕ್ಕೆ ಶಾಲೆಯ ಬಯಲಿನಲ್ಲಿ ನಿಂತರೆ ಪೂರ್ವದಲ್ಲಿ ಸೂರ್ಯ, ಪಶ್ಚಿಮದಲ್ಲಿ ಅರ್ಧ ಚಂದ್ರ. ಆಗ ಚಂದ್ರನ ಪಕ್ಕಕ್ಕೆ ಒಂದು ಚೆಂಡನ್ನು ಎತ್ತಿ ಹಿಡಿದರೆ ಅದೇ ಸೂರ್ಯನ ಬೆಳಕು ಎರಡರ ಮೇಲೂ ಬೀಳುತ್ತದೆ. ಚೆಂಡಿನ ಮೇಲೂ ಅದೇ ಅರ್ಧ, ಅದೇ ಓರೆ, ಅದೇ ಗಡಿ. ಬಲ್ಬು ಬೇಡ, ಚಿತ್ರಪಟ ಬೇಡ. ಮಳೆಗಾಲ ಕಳೆದ ಮೇಲಿನ ತಿಳಿ ಆಕಾಶಕ್ಕಾಗಿ ಕ್ಯಾಲೆಂಡರಿನಲ್ಲಿ ಕೃಷ್ಣಪಕ್ಷದ ಷಷ್ಠಿಯಿಂದ ನವಮಿವರೆಗೆ ಗುರುತು ಹಾಕಿಟ್ಟುಕೊಂಡೆವು.

ಚಂದ್ರ ಆಕಾಶದಲ್ಲಿ ಸುಮಾರು 0.52 ಡಿಗ್ರಿ ಅಗಲ ಕಾಣುತ್ತಾನೆ. 40 ಮಿ.ಮೀ. ಚೆಂಡು ಅಷ್ಟೇ ಅಗಲ ಕಾಣಬೇಕು ಅಂದರೆ ಕ್ಯಾಮೆರಾದಿಂದ ಸುಮಾರು 4.4 ಮೀಟರ್ ದೂರ ಇರಬೇಕು. ಹಾಗಾಗಿ ಚೆಂಡು ಬಿದಿರಿನ ಗಳದ ತುದಿಗೆ, ಕ್ಯಾಮೆರಾ ನೆಲಕ್ಕೆ. ಫೋಕಸ್ ಕಷ್ಟ. ಉದ್ದ ಲೆನ್ಸ್ ಹಾಕಿದರೆ ಚೆಂಡು ಇಲ್ಲವೇ ಚಂದ್ರ, ಎರಡರಲ್ಲಿ ಒಂದು ಮಾತ್ರ ಸ್ಪಷ್ಟ ಇರುತ್ತದೆ. ಎರವಲು ತಂದ ಎಪಿಎಸ್-ಸಿ (ಸ್ವಲ್ಪ ಚಿಕ್ಕ ಸೆನ್ಸರಿನ) ಕ್ಯಾಮೆರಾದಲ್ಲಿ 50 ಎಂ.ಎಂ. ಲೆನ್ಸ್, ಲೆನ್ಸಿನ ಕಿಂಡಿ ಕಿರಿದಾಗಿ ಎಫ್/16ಕ್ಕೆ, ಫೋಕಸ್ 8 ಮೀಟರಿಗೆ ಇಟ್ಟರೆ ಚೆಂಡಿನಿಂದ ಚಂದ್ರನವರೆಗೆ ಎಲ್ಲವೂ ಒಪ್ಪುವಷ್ಟು ಸ್ಪಷ್ಟವಾಗಿ ಬರುತ್ತದೆ. ಐಎಸ್ಒ 100, ಶಟರ್ 1/50. 4ಕೆಯಲ್ಲಿ ತೆಗೆದು, ಎಡಿಟಿಂಗಿನಲ್ಲಿ ಅರ್ಧಕ್ಕೆ ಕ್ರಾಪ್ ಮಾಡಿದರೆ ಚಂದ್ರ ಸಾಕಷ್ಟು ದೊಡ್ಡದಾಗುತ್ತಾನೆ. ಚಂದ್ರ ಸುಮ್ನೆ ನಿಲ್ಲುವುದಿಲ್ಲ. ಎರಡು ನಿಮಿಷಕ್ಕೆ ತನ್ನ ಅಗಲದಷ್ಟು ಜಾರುತ್ತಾನೆ. ಗಳ ಹಿಡಿದ ಹುಡುಗರು ಚೂರು ಚೂರೇ ಸರಿಸುತ್ತಾ ಇರಬೇಕು.

ಎಂಟನೇ ಕ್ಲಾಸಿನ ಹುಡುಗಿ ಕ್ಯಾಮೆರಾ ಪಕ್ಕದಲ್ಲಿ ಕೂತಿದ್ದಳು. ಅವಳಿಗೂ ಮನೆಯವರಿಗೂ ಮೊದಲೇ ಎಲ್ಲ ಹೇಳಿ ಒಪ್ಪಿಗೆ ಪತ್ರ ಪಡೆದಿದ್ದೆವು. ಹಿಂದಿನ ವಾರ ಅವಳೂ 'ಭೂಮಿ ನೆರಳು' ಅಂತಲೇ ಖಚಿತವಾಗಿ ಹೇಳಿದ್ದಳು, ಬೋರ್ಡಿನ ಮೇಲೆ ಚಿತ್ರವನ್ನೂ ಬರೆದಿದ್ದಳು. ನಾನು ಕೇಳಿದ್ದು ಒಂದೇ ಪ್ರಶ್ನೆ: 'ಚೆಂಡಿನ ಆ ಕಪ್ಪು ಭಾಗ ಇದೆಯಲ್ಲ, ಅದು ಯಾರ ನೆರಳು?' ಅವಳು ಹಿಂದೆ ತಿರುಗಿ ಸೂರ್ಯನ ಕಡೆ ಕೈ ಅಡ್ಡ ಹಿಡಿದಳು. ನೆಲ ನೋಡಿದಳು. ತನ್ನ ನೆರಳು ಯಾವ ಕಡೆ ಬಿದ್ದಿದೆ ಅಂತ ನೋಡಿದಳು. ಮತ್ತೆ ಚೆಂಡು ನೋಡಿದಳು. ಹನ್ನೊಂದು ಸೆಕೆಂಡ್ ಮಾತಿಲ್ಲ. ಆಮೇಲೆ: 'ಯಾರದೂ ಅಲ್ಲ ಸರ್. ಅದರದ್ದೇ. ಆ ಕಡೆ ಬಿಸಿಲು ಇಲ್ಲ ಅಷ್ಟೇ.'

ನಾನು ಸುಮ್ಮನಿದ್ದೆ. ಆಗ ಅವಳೇ ಒಂದು ಪ್ರಶ್ನೆ ಎತ್ತಿದಳು. ಚೆಂಡಿನ ಕತ್ತಲ ಭಾಗ ಬೂದಾಗಿ ಕಾಣುತ್ತದೆ, ಚಂದ್ರನ ಕತ್ತಲ ಭಾಗ ಯಾಕೆ ಆಕಾಶದ ನೀಲಿ? ಎಷ್ಟು ಒಳ್ಳೆಯ ಪ್ರಶ್ನೆ! ನಮಗೂ ಚಂದ್ರನಿಗೂ ನಡುವೆ ಬಿಸಿಲು ಬಿದ್ದು ಬೆಳಗುತ್ತಿರುವ ಗಾಳಿ ಇಡೀ ಇದೆ, ಅದರ ನೀಲಿ ಕತ್ತಲ ಭಾಗದ ಮೇಲೂ ಹರಡಿಕೊಳ್ಳುತ್ತದೆ. ಚೆಂಡು ನಾಲ್ಕೇ ಮೀಟರ್ ದೂರ, ನಡುವೆ ಗಾಳಿ ಇಲ್ಲ ಅನ್ನುವಷ್ಟು ಕಡಿಮೆ. ಈ ಭಾಗವನ್ನೂ ಚಿತ್ರದಲ್ಲಿ ಉಳಿಸಿದ್ದೇನೆ. ವಿಷಯದಿಂದ ಆಚೆ ಹೋದ ಹಾಗೆ ಕಾಣುತ್ತದೆ, ಆದರೆ ಕಲಿಯುವವರು ಹೋಗುವುದು ಹೀಗೇ ಅಲ್ವಾ?

ಅಲ್ಲಿಗೆ ಮುಗಿಯಲಿಲ್ಲ. ಕೆಲವು ದಿನದ ಮೇಲೆ ಕ್ಲಾಸಿನಲ್ಲಿ ಮತ್ತೆ ಕೇಳಿದಾಗ ಅವಳ ಉತ್ತರದಲ್ಲಿ ನೆರಳು ವಾಪಸ್ ಬಂದಿತ್ತು: 'ಅರ್ಧ ಚಂದ್ರ ಅದರದ್ದೇ ಕತ್ತಲು. ಚೌತಿ ಚಂದ್ರನಿಗೆ ಮಾತ್ರ ಭೂಮಿ ನೆರಳು.' ನನ್ನ ಪ್ರಕಾರ ಇಡೀ ಚಿತ್ರದಲ್ಲಿ ಅತಿ ಮುಖ್ಯವಾದ ಮಾತು ಇದು. ಹಳೇ ವಿವರಣೆ ಒಂದೇ ಏಟಿಗೆ ಹೋಗುವುದಿಲ್ಲ, ತನಗೆ ಉಳಿದ ಮೂಲೆಯಲ್ಲಿ ಕೂತಿರುತ್ತದೆ. ನಾನು ತಿದ್ದಲಿಲ್ಲ. ಶುಕ್ಲಪಕ್ಷದ ಚೌತಿಯ ಸಂಜೆ ಮತ್ತೆ ಕ್ಯಾಮೆರಾ ಇಟ್ಟೆವು. ಸೂರ್ಯ ಆಗಷ್ಟೇ ಪಶ್ಚಿಮಕ್ಕೆ ಮುಳುಗಿದ್ದ, ತೆಳು ಚಂದ್ರನೂ ಪಶ್ಚಿಮದಲ್ಲೇ ಇದ್ದ. ಭೂಮಿಯ ನೆರಳು ಈಗ ಯಾವ ದಿಕ್ಕಿಗೆ ಚಾಚಿದೆ ತೋರಿಸು ಅಂದೆ. ಅವಳು ಪೂರ್ವಕ್ಕೆ ಕೈ ಚಾಚಿದಳು. ಆ ಕೈ ಹಾಗೇ ಇರುವಾಗ ಇನ್ನೊಂದು ಕೈಯಲ್ಲಿ ಚಂದ್ರನನ್ನು ತೋರಿಸಿದಳು. ಎರಡು ಕೈ, ಎರಡು ದಿಕ್ಕು. 'ಹಂಗಾದ್ರೆ ನೆರಳು ಬೀಳೋದಿದ್ರೆ ಹುಣ್ಣಿಮೆ ದಿನಾನೇ ಬೀಳ್ಬೇಕು' ಅಂತ ಅವಳೇ ಮುಂದಿನ ಹೆಜ್ಜೆ ಇಟ್ಟಳು. ಅಲ್ಲಿಂದ ನೇರ ಕುರ್ಚಿಯ ಎರಡು ತೂತುಗಳಿಗೆ ಚಿತ್ರ ಜಿಗಿಯುತ್ತದೆ.

ಬಟಾಣಿ ಮತ್ತು ಸಾಸಿವೆ

ಪಠ್ಯಪುಸ್ತಕದ ಚಿತ್ರಗಳಲ್ಲಿ ಭೂಮಿ ಮತ್ತು ಚಂದ್ರ ಪಕ್ಕಪಕ್ಕದಲ್ಲಿ ಇರುತ್ತವೆ. ಪುಟದಲ್ಲಿ ಹಿಡಿಸಬೇಕಲ್ಲ, ಅನಿವಾರ್ಯ. ಆದರೆ ಅಷ್ಟು ಹತ್ತಿರ ಇಟ್ಟರೆ ನೆರಳು ತಪ್ಪದೆ ಬೀಳುತ್ತದೆ ಅಂತಲೇ ಅನ್ನಿಸುತ್ತದೆ. ಅದಕ್ಕೆ ಸರಿಯಾದ ಅಳತೆಯ ಒಂದು ಮಾದರಿ ಮಾಡಿದೆವು. 8 ಮಿ.ಮೀ. ಬಟಾಣಿ ಭೂಮಿ. ಸುಮಾರು 2 ಮಿ.ಮೀ. ಸಾಸಿವೆ ಚಂದ್ರ. ಎರಡರ ನಡುವೆ 24 ಸೆಂ.ಮೀ. ಕಕ್ಷೆ 5 ಡಿಗ್ರಿ ಓರೆ ಇರುವುದರಿಂದ ಸಾಸಿವೆ 2 ಸೆಂ.ಮೀ. ತನಕ ಮೇಲೆ ಕೆಳಗೆ ಹೋಗುತ್ತದೆ. ಬಟಾಣಿಯ ದಟ್ಟ ನೆರಳು ಅಷ್ಟು ದೂರದಲ್ಲಿ 6 ಮಿ.ಮೀ. ಕೂಡ ಅಗಲ ಇರುವುದಿಲ್ಲ. ತಪ್ಪಿಸಿಕೊಂಡು ಹೋಗುವುದೇ ಜಾಸ್ತಿ.

ಇದೇ ಅಳತೆಯಲ್ಲಿ ಸೂರ್ಯ 87 ಸೆಂ.ಮೀ. ಅಗಲ, 94 ಮೀಟರ್ ದೂರ. ರಟ್ಟಿನಲ್ಲಿ ವೃತ್ತ ಕತ್ತರಿಸಿ, ಹಳದಿ ಬಳಿದು, ಆಟದ ಬಯಲಿನ ಆ ತುದಿಗೆ ಇಬ್ಬರು ಹುಡುಗರ ಕೈಯಲ್ಲಿ ಹಿಡಿಸಿದೆವು. ಬಟಾಣಿಯ ಜಾಗದಲ್ಲಿ ಕಣ್ಣಿಟ್ಟು ನೋಡಿದರೆ ಆ ಸಣ್ಣ ಸಾಸಿವೆ ದೂರದ ದೊಡ್ಡ ರಟ್ಟನ್ನು ಹೆಚ್ಚುಕಡಿಮೆ ಪೂರ್ತಿ ಮುಚ್ಚುತ್ತದೆ. ಸೂರ್ಯಗ್ರಹಣ! ಈ ದೃಶ್ಯಕ್ಕೆ ಮಕ್ಕಳು ಸಾಲಾಗಿ ನಿಂತು ಒಬ್ಬೊಬ್ಬರೇ ಕಣ್ಣಿಟ್ಟು ನೋಡಿದರು. ಎಲ್ಲರ ಮುಖವನ್ನೂ ಚಿತ್ರೀಕರಿಸಿದೆವು.

ಕತ್ತರಿಸಿದ್ದು, ಉಳಿಸಿದ್ದು

ತಾಂತ್ರಿಕ ವಿಷಯ ಬೇಗ ಹೇಳಿಬಿಡುತ್ತೇನೆ. ನಮ್ಮ ಕರೆಂಟು 50 ಹರ್ಟ್ಸ್, ಹಾಗಾಗಿ ಸೆಕೆಂಡಿಗೆ 25 ಫ್ರೇಮು, ಶಟರ್ 1/50. ಹೀಗಿಟ್ಟರೆ ಬಲ್ಬಿನ ಬೆಳಕು ಮಿನುಗುವುದಿಲ್ಲ. ಎಡಿಟಿಂಗ್ ಡಾವಿಂಚಿ ರಿಸಾಲ್ವ್‌ನ ಉಚಿತ ಆವೃತ್ತಿಯಲ್ಲಿ, ಧ್ವನಿ ಶುದ್ಧ ಮಾಡಿದ್ದು ಆಡಾಸಿಟಿಯಲ್ಲಿ. ಕನ್ನಡದ ಒತ್ತಕ್ಷರ ಕೆಲವು ಕಡೆ ಒಡೆದು ಹೋಗುತ್ತದೆ, ಆದ್ದರಿಂದ ಅಕ್ಷರಗಳನ್ನೆಲ್ಲ ಚಿತ್ರ ಬಿಡಿಸುವ ತಂತ್ರಾಂಶ ಇಂಕ್‌ಸ್ಕೇಪಿನಲ್ಲಿ ಬರೆದು, ಪಿಎನ್‌ಜಿ ಚಿತ್ರ ಮಾಡಿ ಸೇರಿಸಿದೆವು. ಪರದೆ ಮೇಲೆ ಬರುವ ಅಕ್ಷರ ತಿಥಿಯ ಹೆಸರು ಮಾತ್ರ. ಹೇಳುತ್ತಿರುವ ಮಾತನ್ನೇ ಪರದೆಯ ಮೇಲೂ ಬರೆದರೆ ಕಲಿಕೆಗೆ ತೊಡಕಾಗುತ್ತದೆ ಅಂತ ಮನಶ್ಶಾಸ್ತ್ರಜ್ಞ ರಿಚರ್ಡ್ ಮೇಯರ್ ಅವರ ಪ್ರಯೋಗಗಳು ತೋರಿಸಿವೆ. ಕಣ್ಣು ಚೆಂಡನ್ನು ನೋಡಬೇಕಾದ ಹೊತ್ತಿನಲ್ಲಿ ಅಕ್ಷರ ಓದಲು ಹೋಗುತ್ತದೆ. ಕಿವಿ ಕೇಳದವರಿಗಾಗಿ ಸಬ್‌ಟೈಟಲ್ ಫೈಲನ್ನು ಬೇರೆಯಾಗಿ ಇಟ್ಟಿದ್ದೇವೆ.

ಹೆಚ್ಚು ಚರ್ಚೆ ನಡೆದದ್ದು ಆ ಹನ್ನೊಂದು ಸೆಕೆಂಡಿನ ಬಗ್ಗೆ. ಎಡಿಟಿಂಗಿಗೆ ಕೂತ ಗೆಳೆಯ ಮೂರು ಸೆಕೆಂಡಿಗೆ ಇಳಿಸೋಣ ಅಂದ, ಜನ ಮುಂದೆ ಓಡಿಸಿಬಿಡುತ್ತಾರೆ ಅಂತ ಅವನ ಹೆದರಿಕೆ. ಅದರಲ್ಲೂ ಅರ್ಥ ಇದೆ. ಆದರೆ ಕಲಿಕೆ ಕಣ್ಣಿಗೆ ಕಾಣುವ ಜಾಗ ಚಿತ್ರದಲ್ಲಿ ಅದೊಂದೇ. ಸೂರ್ಯ, ನೆಲ, ತನ್ನ ನೆರಳು, ಚೆಂಡು ಅಂತ ಅವಳ ಕಣ್ಣು ಹೋದ ದಾರಿಯೇ ಅವಳು ಯೋಚಿಸಿದ ದಾರಿ. ಅದನ್ನು ಕತ್ತರಿಸಿದರೆ ಪ್ರಶ್ನೆ ಮತ್ತು ಉತ್ತರ ಮಾತ್ರ ಉಳಿಯುತ್ತದೆ. ಪೂರ್ತಿ ಇಟ್ಟೆವು. ಹೀಗೆ ಮೌನ ಇಡುವಾಗ ಒಂದು ಎಚ್ಚರ ಬೇಕು. ಧ್ವನಿಯನ್ನು ಸೊನ್ನೆಗೆ ಇಳಿಸಬಾರದು, ವಿಡಿಯೊ ನಿಂತುಹೋಯಿತು ಅಂದುಕೊಳ್ಳುತ್ತಾರೆ. ಪ್ರತಿ ಜಾಗದಲ್ಲೂ ಯಾರೂ ಮಾತಾಡದೆ ಒಂದು ನಿಮಿಷ ಬರೀ ಸುತ್ತಲಿನ ಸದ್ದು ರೆಕಾರ್ಡ್ ಮಾಡಿಕೊಳ್ಳಿ. ಗಾಳಿ, ಹಕ್ಕಿ, ದೂರದ ಟ್ರ್ಯಾಕ್ಟರು. ಮೌನದ ಕೆಳಗೆ ಅದನ್ನು ಹಾಸಿದರೆ ಆಯಿತು.

ಚಿತ್ರ ಕೆಲಸ ಮಾಡುತ್ತದೋ ಇಲ್ಲವೋ ನೋಡಲು ಎರಡು ಆವೃತ್ತಿ ಮಾಡಿ ಎರಡು ಸೆಕ್ಷನ್ನಿಗೆ ತೋರಿಸಿದೆವು. ಒಂದರಲ್ಲಿ ತಪ್ಪು ಉತ್ತರಗಳೆಲ್ಲ ತೆಗೆದು ಬರೀ ಸರಿಯಾದ ವಿವರಣೆ, ಇನ್ನೊಂದು ಪೂರ್ತಿ ಚಿತ್ರ. ಇದು ಸಂಶೋಧನೆ ಅಲ್ಲ, ನಮ್ಮ ಕೆಲಸವನ್ನು ನಾವೇ ಪರೀಕ್ಷಿಸಿಕೊಂಡದ್ದು. ಕೆಲವು ವಾರ ಬಿಟ್ಟು ಮಕ್ಕಳಿಗೆ ಖಾಲಿ ಹಾಳೆ ಕೊಟ್ಟು, ಚೌತಿಯ ಸಂಜೆ ಸೂರ್ಯ, ಭೂಮಿ, ಚಂದ್ರ ಎಲ್ಲಿರುತ್ತವೆ ಬರೆಯಿರಿ ಅಂದೆವು. ಬಾಯಲ್ಲಿ ಕೇಳಿದರೆ ಕಲಿತ ವಾಕ್ಯ ಬರುತ್ತದೆ, ಚಿತ್ರ ಬರೆಸಿದರೆ ತಲೆಯಲ್ಲಿ ಇರುವುದು ಬರುತ್ತದೆ. ಬರೀ ವಿವರಣೆ ನೋಡಿದವರ ಹಾಳೆಗಳಲ್ಲಿ ಭೂಮಿ ಮತ್ತೆ ನಡುವೆ ಬಂದು ನಿಂತದ್ದು ಹೆಚ್ಚು. ಹುಡುಗಿಯ ಜೊತೆ ತಡವರಿಸಿದವರ ಹಾಳೆಗಳಲ್ಲಿ ಕಡಿಮೆ.

ಆ ಹಾಳೆಗಳಲ್ಲೇ ಒಬ್ಬ ಹುಡುಗ ಅಂಚಿನಲ್ಲಿ ಬರೆದಿದ್ದ: 'ನಿಮ್ಮ ಕುರ್ಚೀಲಿ ಚೌತಿ ಚಂದ್ರ ನೆಟ್ಟಗೆ ನಿಂತಾನೆ. ನಮ್ಮೂರಲ್ಲಿ ದೋಣಿ ತರ ಮಲಗಿರ್ತಾನೆ. ಯಾಕೆ?' ಅವನು ನೋಡಿದ್ದು ಸರಿ. ನಮ್ಮ ಕುರ್ಚಿ ನೆಲಕ್ಕೆ ಸಮನಾಗಿ ತಿರುಗುತ್ತದೆ, ಬೆಳಕು ಪಕ್ಕದಿಂದ ಬೀಳುತ್ತದೆ. ಕರ್ನಾಟಕ ಸಮಭಾಜಕ ವೃತ್ತಕ್ಕೆ ಹತ್ತಿರ ಇರುವುದರಿಂದ ಇಲ್ಲಿ ಸೂರ್ಯ ಚಂದ್ರ ಹೆಚ್ಚುಕಡಿಮೆ ನೇರವಾಗಿ ಕೆಳಗಿಳಿದು ಮುಳುಗುತ್ತಾರೆ. ಸಂಜೆ ಮುಳುಗಿದ ಸೂರ್ಯ ಚಂದ್ರನ ಕೆಳಗಿರುತ್ತಾನೆ, ಬೆಳಕೂ ಕೆಳಗಿನಿಂದಲೇ ಬೀಳುತ್ತದೆ. ಇದನ್ನು ತೋರಿಸಬೇಕಾದರೆ ಕುರ್ಚಿಯ ಬುಡವನ್ನೇ ಸುಮಾರು 75 ಡಿಗ್ರಿ ಒರಗಿಸಬೇಕು, ಹಲಗೆ ಹೆಚ್ಚುಕಡಿಮೆ ನಿಂತ ಚಕ್ರವಾಗಿ ತಿರುಗಬೇಕು, ಮೊಬೈಲು ಮಾತ್ರ ದಿಗಂತಕ್ಕೆ ಸಮನಾಗಿ ಉಳಿಯಬೇಕು. ವೆಲ್ಡಿಂಗ್ ಅಂಗಡಿಗೆ ಅಳತೆ ಕೊಟ್ಟಿದ್ದೇವೆ. ಆ ಹುಡುಗನೇ ಮುಂದಿನ ಭಾಗದಲ್ಲಿ ಕ್ಯಾಮೆರಾ ಮುಂದೆ ಕೂರುತ್ತಾನೆ.